ಅಲಾರಂ ಹಾಕೋದು ಪುಕ್ಕಟೆ ಆದಾಗಿನಿಂದ

ರಿಫೈನರಿ ಇರ್ಲಿ, ಗೊಬ್ಬರದ ಫ್ಯಾಕ್ಟರಿ ಇರ್ಲಿ, ಕಂಟ್ರೋಲ್ ರೂಮಲ್ಲಿ ನೈಟ್ ಶಿಫ್ಟ್ ಮಾಡಿದೋರನ್ನ ಡಿಸಿಎಸ್ (ಪ್ಲಾಂಟ್ ನಡೆಸೋ ಕಂಪ್ಯೂಟರ್ ಕಂಟ್ರೋಲ್ ಸಿಸ್ಟಮ್) ಬಗ್ಗೆ ಕೇಳಿ ನೋಡಿ, ಮಾತು ಅಲಾರಂಗೆ ಬಂದೇ ಬರುತ್ತೆ. ಹೂಟರ್ ಕೂಗುತ್ತೆ, ಏನು ಬಂತು ಅಂತ ಓದೋಕೂ ಮುಂಚೆ ಕೈ ತಾನಾಗೇ "ನೋಡಿದೆ" ಅಂತ ಹೇಳೋ ಅಕ್ನಾಲೆಜ್ ಬಟನ್ ಒತ್ತಿರುತ್ತೆ. ಇದನ್ನ ಆಪರೇಟರ್‌ಗಳ ಸೋಮಾರಿತನ ಅಂತ ಯಾರಾದ್ರೂ ಅಂದ್ರೆ ನಂಗೆ ಸಿಟ್ಟು ಬರುತ್ತೆ. ಆ ಅಭ್ಯಾಸ ಅವರು ಕಲಿತಿದ್ದಲ್ಲ, ಆ ಸಿಸ್ಟಮ್‌ನ ಕಾನ್ಫಿಗರೇಶನ್ ಮಾಡೋ ನಾವು ಕಲಿಸಿದ್ದು.

ಮುಂಚೆ ಕಂಟ್ರೋಲ್ ರೂಮ್ ಅಂದ್ರೆ ಗೋಡೆ ಉದ್ದಕ್ಕೂ ಪ್ಯಾನೆಲ್. ಫೀಲ್ಡ್‌ನಿಂದ 3ರಿಂದ 15 ಪಿಎಸ್‌ಐ ಗಾಳಿ ಒತ್ತಡದಲ್ಲಿ ಸಿಗ್ನಲ್ ಬರ್ತಿತ್ತು, ಆಮೇಲೆ 4ರಿಂದ 20 ಮಿಲಿಆಂಪ್ ಕರೆಂಟ್ ಬಂತು. ಒಂದು ಹೊಸ ಅಲಾರಂ ಬೇಕು ಅಂದ್ರೆ ಸ್ವಿಚ್ ಕೂರಿಸ್ಬೇಕು, ವೈರ್ ಎಳೀಬೇಕು, ಪ್ಯಾನೆಲ್ ಮೇಲ್ಗಡೆ ಬಲ್ಬ್ ಇರೋ ಒಂದು ಚೌಕ ಖಾಲಿ ಇರ್ಬೇಕು. ಇಷ್ಟೆಲ್ಲಾ ಖರ್ಚಿದ್ದಿದ್ರಿಂದ ಇದು ನಿಜವಾಗ್ಲೂ ಬೇಕಾ ಅಂತ ಯಾರೋ ಒಬ್ರು ಕೇಳೇ ಕೇಳ್ತಿದ್ರು. ಹಂಗಂತ ಪ್ಯಾನೆಲ್ ಕಾಲ ಚಿನ್ನದ ಕಾಲ ಏನಲ್ಲ, 1979ರಲ್ಲಿ ಅಮೆರಿಕದ ತ್ರೀ ಮೈಲ್ ಐಲ್ಯಾಂಡ್ ಅಣುಸ್ಥಾವರದ ಅಪಘಾತದಲ್ಲಿ ಮೊದಲ ಕೆಲವೇ ನಿಮಿಷಕ್ಕೆ ನೂರಕ್ಕೂ ಜಾಸ್ತಿ ಅಲಾರಂ ಒಟ್ಟಿಗೆ ಬಂದಿದ್ವು.

ಕಂಪ್ಯೂಟರ್ ಮಾತ್ರ ಅದಕ್ಕೂ ಮುಂಚೆನೇ ಪ್ಲಾಂಟ್ ಒಳಗೆ ಬಂದಾಗಿತ್ತು. 1959ರಲ್ಲಿ ಟೆಕ್ಸಾಕೋದ ಪೋರ್ಟ್ ಆರ್ಥರ್ ರಿಫೈನರಿಯಲ್ಲಿ ಆರ್‌ಡಬ್ಲ್ಯೂ-300, 1962ರಲ್ಲಿ ಇಂಗ್ಲೆಂಡಿನ ಐಸಿಐ ಸೋಡಾ ಆಶ್ ಪ್ಲಾಂಟಲ್ಲಿ ಫೆರಾಂಟಿ ಆರ್ಗಸ್. ತೊಂದ್ರೆ ಏನಂದ್ರೆ ಎಲ್ಲಾ ಲೂಪೂ (ಅಳತೆ ನೋಡಿ ವಾಲ್ವ್ ಸರಿಮಾಡೋ ಒಂದೊಂದು ಕಂಟ್ರೋಲೂ) ಒಂದೇ ಕಂಪ್ಯೂಟರ್ ಮೇಲೆ ನಿಂತ್ರೆ ಅದು ಕೈಕೊಟ್ಟ ಕ್ಷಣ ಎಲ್ಲಾ ಲೂಪೂ ಹೋಯ್ತು. ಈ ಭಯಕ್ಕೆ ಸಿಕ್ಕ ಉತ್ತರನೇ 1975ರಲ್ಲಿ ಬಂದ ಹನಿವೆಲ್‌ನ ಟಿಡಿಸಿ 2000 ಮತ್ತೆ ಯೊಕೊಗಾವಾದ ಸೆಂಟಮ್. ಕೆಲಸನ ಸಣ್ಣ ಸಣ್ಣ ಕಂಟ್ರೋಲರ್‌ಗಳಿಗೆ ಹಂಚಿ, ಕೇಬಲ್‌ನಲ್ಲಿ ಜೋಡಿಸಿ, ಆಪರೇಟರ್ ಮುಂದೆ ಟಿವಿ ಥರದ ಸ್ಕ್ರೀನ್ ಇಟ್ರು. ಇದೇ ಡಿಸಿಎಸ್. ಒಳ್ಳೇ ಐಡಿಯಾ, ಈಗ್ಲೂ ಅದೇ ನಡೀತಿದೆ.

ಆದ್ರೆ ಅಲಾರಂ ಬೆಲೆ ಅಲ್ಲಿಗೆ ಸೊನ್ನೆ ಆಯ್ತು. ಅಳತೆ ಕಳಿಸೋ ಒಂದು ಟ್ರಾನ್ಸ್‌ಮಿಟರ್ ತಂದು ಸಿಸ್ಟಮಲ್ಲಿ ಅದಕ್ಕೊಂದು ಹೆಸರು, ಅಂದ್ರೆ ಟ್ಯಾಗ್, ಕೊಟ್ರೆ ಸಾಕು, ಹೈ, ಹೈ-ಹೈ, ಲೋ, ಲೋ-ಲೋ, ಡೀವಿಯೇಶನ್, ಬ್ಯಾಡ್ ಸಿಗ್ನಲ್ ಅಂತ ಎಲ್ಲಾ ಥರದ ಅಲಾರಂ ಜೊತೆಗೇ ಸಿಗುತ್ತೆ, ಟಿಕ್ ಹಾಕಿದ್ರೆ ಮುಗೀತು. ಸೇಫ್ಟಿ ಮೀಟಿಂಗಲ್ಲಿ ಏನೇ ಪ್ರಶ್ನೆ ಬರ್ಲಿ, "ಒಂದು ಅಲಾರಂ ಹಾಕ್ಬಿಡಿ ಸಾರ್" ಅಂದ್ರೆ ಆ ಪಾಯಿಂಟ್ ಕ್ಲೋಸ್. ಬೆಂಗಳೂರಲ್ಲಿ ಕೂತು ಎಲ್ಲೆಲ್ಲಿಯದೋ ಪ್ಲಾಂಟಿಗೆ ಡೇಟಾಬೇಸ್ ಮಾಡೋ ನಮ್ಮಂಥೋರು ಎಕ್ಸೆಲ್ ಶೀಟಲ್ಲಿ ಒಂದು ಸಾಲು ತುಂಬಿ ಕೆಳಗಿನವರೆಗೂ ಎಳೆದುಬಿಡ್ತೀವಿ, ನಾನೂ ಎಳೆದಿದೀನಿ, ಆ ಸಾಲಿಗೆ ರಾತ್ರಿ ಮೂರು ಗಂಟೆಗೆ ಯಾರು ಉತ್ತರ ಕೊಡ್ಬೇಕು ಅಂತ ಆವಾಗ ಯೋಚನೆ ಮಾಡಿರ್ಲಿಲ್ಲ.

ಇದರ ಬೆಲೆ ಎಲ್ಲರಿಗೂ ಕಂಡಿದ್ದು 1994ರ ಜುಲೈ 24ಕ್ಕೆ, ವೇಲ್ಸ್‌ನ ಮಿಲ್ಫರ್ಡ್ ಹೇವನ್‌ನ ಟೆಕ್ಸಾಕೋ ರಿಫೈನರಿಯಲ್ಲಿ. ಬೆಳಿಗ್ಗೆ ಗುಡುಗು ಸಿಡಿಲಿಗೆ ಪ್ಲಾಂಟ್ ಅಲ್ಲಾಡಿ ಹೋಯ್ತು. ಒಂದು ವಾಲ್ವ್ ನಿಜದಲ್ಲಿ ಮುಚ್ಚಿತ್ತು, ಸ್ಕ್ರೀನ್ ಮೇಲೆ ಓಪನ್ ಅಂತ ತೋರಿಸ್ತಿತ್ತು. ಟವರ್ ಒಳಗೆ ದ್ರವ ತುಂಬ್ತಾ ಹೋಗಿ ಫ್ಲೇರ್ ಲೈನ್‌ಗೆ (ಬೇಡದ ಗ್ಯಾಸ್ ಸುಡೋಕೆ ಒಯ್ಯೋ ಪೈಪಿಗೆ) ನುಗ್ಗಿ, ಪೈಪ್ ಒಡೆದು, ಸುಮಾರು 20 ಟನ್ ಹೈಡ್ರೋಕಾರ್ಬನ್ ಹೊರಗೆ ಬಂದು ಮಧ್ಯಾಹ್ನ ಸ್ಫೋಟ ಆಯ್ತು, 26 ಜನಕ್ಕೆ ಗಾಯ. ಸ್ಫೋಟಕ್ಕೆ ಮುಂಚಿನ ಸುಮಾರು 11 ನಿಮಿಷದಲ್ಲಿ ಇಬ್ಬರು ಆಪರೇಟರ್‌ಗಳ ಮುಂದೆ ಬಂದಿದ್ದು 275 ಅಲಾರಂ, ಅಂದ್ರೆ ಎರಡು-ಮೂರು ಸೆಕೆಂಡಿಗೆ ಒಂದು. ಸಿಸ್ಟಮಲ್ಲಿದ್ದ 2040 ಅಲಾರಂಗಳಲ್ಲಿ 87 ಪರ್ಸೆಂಟ್ ಹೈ ಪ್ರಯಾರಿಟಿ, ಅದರಲ್ಲಿ ಎಷ್ಟೋ ಬರೀ ಮಾಹಿತಿಗೆ ಇದ್ದಿದ್ದು. ಎಲ್ಲಾನೂ ಅರ್ಜೆಂಟ್ ಅಂದ್ಮೇಲೆ ಆ ಇಬ್ಬರು ಮೊದಲು ಯಾವುದನ್ನ ನೋಡ್ಬೇಕಿತ್ತು ಹೇಳಿ?

ಆಮೇಲೆ ನಿಯಮ ಬಂತು. 1999ರಲ್ಲಿ ಬ್ರಿಟನ್ನಿನ ಈಮುವಾ ಅನ್ನೋ ಇಂಡಸ್ಟ್ರಿ ಸಂಘದ 191 ಗೈಡ್, 2009ರಲ್ಲಿ ಅಮೆರಿಕದ ಐಎಸ್‌ಎ ಅನ್ನೋ ಆಟೊಮೇಶನ್ ಸಂಘದ 18.2 ಸ್ಟ್ಯಾಂಡರ್ಡ್. ಇವುಗಳ ಪ್ರಕಾರ ಮಾಮೂಲಿ ದಿನ ಒಬ್ಬ ಆಪರೇಟರ್‌ಗೆ ಸರಾಸರಿ 10 ನಿಮಿಷಕ್ಕೆ ಒಂದು ಅಲಾರಂ ಸಾಕು, 10 ನಿಮಿಷದಲ್ಲಿ 10 ದಾಟಿದ್ರೆ ಅದು ಪ್ರವಾಹ.

ಕಡಿಮೆ ಮಾಡೋದೇ ಪರಿಹಾರ ಅಂತಾನೂ ಅಲ್ಲ. 2005ರಲ್ಲಿ ಬಿಪಿಯ ಟೆಕ್ಸಾಸ್ ಸಿಟಿ ರಿಫೈನರಿಯಲ್ಲಿ 15 ಜನ ಸತ್ತಾಗ ಟವರ್ ತುಂಬಿ ಹೋಗ್ತಿದ್ರೂ ಕೂಗ್ಬೇಕಾಗಿದ್ದ ಎರಡನೇ ಹೈ ಲೆವೆಲ್ ಅಲಾರಂ ಕೂಗಲೇ ಇಲ್ಲ, ಒಳಗೆ ಎಷ್ಟು ಹೋಗ್ತಿದೆ ಹೊರಗೆ ಎಷ್ಟು ಬರ್ತಿದೆ ಅನ್ನೋದು ಒಂದೇ ಸ್ಕ್ರೀನಲ್ಲಿ ಇರ್ಲೂ ಇಲ್ಲ. ಅದಕ್ಕೇ ಒಂದೊಂದೇ ಟ್ಯಾಗ್ ಹಿಡ್ಕೊಂಡು ಈ ಅಲಾರಂ ಬಂದ್ರೆ ಆಪರೇಟರ್ ಏನು ಮಾಡ್ಬೇಕು, ಎಷ್ಟು ಹೊತ್ತಲ್ಲಿ ಮಾಡ್ಬೇಕು ಅಂತ ಕೇಳ್ತಾ ಕೂರ್ಬೇಕು. ಉತ್ತರ ಇಲ್ಲ ಅಂದ್ರೆ ಅದು ಅಲಾರಂ ಅಲ್ಲ, ತೆಗೀಬೇಕು. ಇದಕ್ಕೆ ಶಿಫ್ಟ್‌ನಲ್ಲಿ ಕೂರೋರೇ ಬರ್ಬೇಕು, ತಿಂಗಳುಗಟ್ಲೆ ಹಿಡಿಯುತ್ತೆ.

ಈಗ ಹಳೇ ಡಿಸಿಎಸ್ ತೆಗೆದು ಹೊಸದು ಹಾಕೋ ಪ್ರಾಜೆಕ್ಟ್‌ಗಳಲ್ಲಿ ಈ ಕೆಲಸ ಮಾಡೋಕೆ ಒಳ್ಳೇ ಅವಕಾಶ ಇದೆ, ಆದ್ರೆ ನಾನು ನೋಡಿದ ಕಡೆ ಶಟ್‌ಡೌನ್ ದಿನ ಕಮ್ಮಿ, ಯಾವ ಅಲಾರಂ ಯಾಕೆ ಹಾಕಿದ್ರು ಅಂತ ನೆನಪಿರೋರು ರಿಟೈರ್ ಆಗಿರ್ತಾರೆ, ತೆಗೀತೀವಿ ಅಂತ ಸೈನ್ ಹಾಕೋಕೆ ಯಾರೂ ಒಪ್ಪಲ್ಲ, ಕೊನೆಗೆ ಹಳೇ ಡೇಟಾಬೇಸ್ ಹಂಗೇ ಹೊಸ ಸರ್ವರ್‌ಗೆ ಕಾಪಿ ಆಗುತ್ತೆ.