ಊದಿದಾಗ ಸೊನ್ನೆ, ಜೇಬಿನಲ್ಲಿ ಡಾಕ್ಟರ ಚೀಟಿ

ಕಳೆದ ಮಳೆಗಾಲದಲ್ಲಿ ಒಬ್ಬ ಕ್ಯಾಬ್ ಚಾಲಕರು ನನ್ನ ವಕೀಲಿ ಆಫೀಸಿಗೆ ಬಂದರು. ನೆಗಡಿಗೆ ಮಾತ್ರೆ ನುಂಗಿ ರಾತ್ರಿ ಏರ್‌ಪೋರ್ಟ್ ಟ್ರಿಪ್ ಹಿಡಿದಿದ್ದರು. ಹೆಬ್ಬಾಳ ಫ್ಲೈಓವರ್ ಇಳಿಯುವಾಗ ಕಣ್ಣು ಎಳೆದಿದೆ. ಗಾಡಿ ಡಿವೈಡರ್‌ಗೆ ಉಜ್ಜಿ ನಿಂತಿದೆ. ಪೊಲೀಸರು ಊದಿಸಿದರೆ ಸೊನ್ನೆ. "ನಾನು ಕುಡಿಯೋನೇ ಅಲ್ಲ ಸಾರ್. ಡಾಕ್ಟರ ಚೀಟಿನೂ ಇದೆ. ಆದ್ರೂ ಯಾಕೆ ಕೇಸು?" ಅಂದರು.

ಚೀಟಿ ಬಿಡಿಸಿ ನೋಡಿದೆ. ಮಾತ್ರೆಯ ಹೆಸರಿನ ಮುಂದೆ 0-0-1. ಅಂದರೆ ರಾತ್ರಿಗೆ ಒಂದು. ಡಾಕ್ಟರ ಲೆಕ್ಕದಲ್ಲಿ ರಾತ್ರಿ ಅಂದರೆ ಮಲಗುವ ಹೊತ್ತು. ಇವರಿಗೆ ಅದೇ ಡ್ಯೂಟಿ ಹೊತ್ತು. ಅವರು ಕೇಳಿಲ್ಲ, ಇವರು ಹೇಳಿಲ್ಲ. ಸ್ಟ್ರಿಪ್ಪಿನ ಹಿಂದೆ ಸಣ್ಣಕ್ಷರದಲ್ಲಿ ಕ್ಲೋರ್‌ಫೆನಿರಮೈನ್ ಅಂತಿತ್ತು. ನಿದ್ದೆ ಬರಿಸುವುದರಲ್ಲಿ ಹೆಸರಾದ ಔಷಧಿ ಅದು. ಎಷ್ಟೋ ಜನಕ್ಕೆ ಬೆಳಗ್ಗೆಯೂ ಅದರ ಮಂಪರು ಇಳಿದಿರುವುದಿಲ್ಲ.

ಮೋಟಾರು ವಾಹನ ಕಾಯ್ದೆ, 1988ರ ಸೆಕ್ಷನ್ 185 ಅಂದರೆ ಎಲ್ಲರೂ ಕುಡಿತ ಒಂದನ್ನೇ ನೆನೆಯುತ್ತಾರೆ. 100 ಮಿಲಿ ಲೀಟರ್ ರಕ್ತದಲ್ಲಿ ಮದ್ಯ 30 ಮಿಲಿಗ್ರಾಂ ದಾಟಬಾರದು, ಅದು ಗೊತ್ತಿರುವ ಮಾತು. ಅದರ ಕೆಳಗೇ ಇನ್ನೊಂದು ಸಾಲಿದೆ. ಡ್ರಗ್ ಪ್ರಭಾವದಿಂದ ಗಾಡಿ ಹಿಡಿತಕ್ಕೆ ಸಿಗದ ಸ್ಥಿತಿಯಲ್ಲಿ ಓಡಿಸಿದರೂ ಅಷ್ಟೇ ಶಿಕ್ಷೆ. ಮೊದಲ ಸಲ 6 ತಿಂಗಳವರೆಗೆ ಜೈಲು, ಇಲ್ಲವೇ 10,000 ರೂಪಾಯಿ ದಂಡ, ಇಲ್ಲವೇ ಎರಡೂ. ಡ್ರಗ್ ಅಂದರೆ ಗಾಂಜಾ ಅಫೀಮು ಅಷ್ಟೇ ಅಲ್ಲ. ಚೀಟಿ ಇದ್ದರೆ ವಿನಾಯಿತಿ ಅಂತ ಅಲ್ಲಿ ಎಲ್ಲೂ ಬರೆದಿಲ್ಲ.

ಹಾಗಂತ ಮಾತ್ರೆ ನುಂಗಿದ್ದೇ ಅಪರಾಧ ಅಲ್ಲ. ಹಿಡಿತ ತಪ್ಪಿತ್ತು ಅನ್ನೋದನ್ನು ಪೊಲೀಸರು ತೋರಿಸಬೇಕು. ನಾವು ವಕೀಲರು ವಾದ ಮಾಡುವುದೂ ಅಲ್ಲೇ. ಆದರೆ ಡಿವೈಡರ್‌ಗೆ ಉಜ್ಜಿದ ಗಾಡಿ ಎದುರಿಗಿರುವಾಗ ವಾದ ಸುಲಭ ಅಲ್ಲ. ಯಾರಿಗಾದರೂ ಪೆಟ್ಟಾದರೆ ಭಾರತೀಯ ನ್ಯಾಯ ಸಂಹಿತೆಯ ಕೇಸುಗಳೂ ಸೇರಿಕೊಳ್ಳುತ್ತವೆ.

185ರಲ್ಲಿ ಬಂಧಿಸಿದರೆ 2 ಗಂಟೆಯೊಳಗೆ ವೈದ್ಯಕೀಯ ಪರೀಕ್ಷೆ ಆಗಬೇಕು, ಆಗದಿದ್ದರೆ ಬಿಡಬೇಕು. ಆ ಪರೀಕ್ಷೆಯಲ್ಲಿ ಯಾವ ಮಾತ್ರೆ, ಎಷ್ಟು ಹೊತ್ತಿಗೆ ನುಂಗಿದಿರಿ ಅಂತ ಇದ್ದದ್ದು ಇದ್ದ ಹಾಗೆ ಹೇಳಿ. ಆತಂಕಕ್ಕೆ ಆಲ್ಪ್ರಜೋಲಾಮ್, ನರದ ನೋವಿಗೆ ಪ್ರಿಗ್ಯಾಬಲಿನ್ ತಗೊಳ್ಳುವವರೂ ಗಾಡಿ ಓಡಿಸ್ತೀನಿ ಅಂತ ಡಾಕ್ಟರಿಗೆ ಮೊದಲೇ ತಿಳಿಸಬೇಕು. ಸುಮ್ನೆ ನೀವೇ ಮಾತ್ರೆ ನಿಲ್ಲಿಸಬೇಡಿ.

ನಮ್ಮ ಚಾಲಕರು ಅದೇ ಡಾಕ್ಟರ ಹತ್ತಿರ ಹೋಗಿ ಡ್ಯೂಟಿ ಟೈಮ್ ಹೇಳಿದರು. ಡಾಕ್ಟರು ಚೀಟಿಯಲ್ಲಿ ಆ ಹೆಸರು ಹೊಡೆದು ಬೇರೆ ಮಾತ್ರೆ ಬರೆದುಕೊಟ್ಟರು. ಕೇಸು ಇನ್ನೂ ನಡೆಯುತ್ತಿದೆ.