ಪಿಟ್-ಅ-ಪ್ಯಾಟ್: ಇದು ಮುಂಬೈ ಮಳೆಯ ಪದವಲ್ಲ

ಜುಲೈ ತಿಂಗಳ ಒಂದು ಬೆಳಿಗ್ಗೆ ಮುಂಬೈ ಪಕ್ಕದ ಡೊಂಬಿವಲಿಯ ನಮ್ಮ ಸೊಸೈಟಿಯ ವಾಟ್ಸಾಪ್ ಗುಂಪಿಗೆ ಸೆಕ್ರೆಟರಿಯಿಂದ ಇಂಗ್ಲಿಷಿನಲ್ಲಿ ಒಂದು ಸಂದೇಶ ಬಂತು. ರಾತ್ರಿಯಿಡೀ ಮಳೆ ಪಿಟ್-ಅ-ಪ್ಯಾಟ್ ಬಿದ್ದಿದೆ, ಪಂಪ್ ರೂಮಿಗೆ ನೀರು ನುಗ್ಗಿದೆ, ಲಿಫ್ಟ್ ಬಂದ್, ಎಲ್ಲರೂ ಸಹಕರಿಸಿ. ಅದರ ಕೆಳಗೆ ಸಾಲಾಗಿ ಕೈಮುಗಿಯುವ ಚಿತ್ರಗಳು. ಆರನೇ ಮಹಡಿಯಿಂದ ಮೆಟ್ಟಿಲಿಳಿಯುವಾಗ ನನ್ನ ತಲೆಯಲ್ಲಿ ಲಿಫ್ಟಿನ ಚಿಂತೆ ಇರಲಿಲ್ಲ. ಪಿಟ್-ಅ-ಪ್ಯಾಟ್ ಅಂದರೆ ಹಗುರವಾಗಿ ತಟ್ಟುವ ಸದ್ದು, ಹಾಗೆ ಬಿದ್ದ ಮಳೆಗೆ ಪಂಪ್ ರೂಮ್ ಮುಳುಗುತ್ತಾ? ಕಿಟಕಿಯ ತುಳಸಿ ಕುಂಡ ಒದ್ದೆಯಾದರೆ ಜಾಸ್ತಿ.

ಇದೊಂದೇ ಆಗಿದ್ದರೆ ಸುಮ್ನೆ ಇರುತ್ತಿದ್ದೆ. ಹಿಂದಿನ ವಾರ ಪಕ್ಕದ ಮನೆಯ ಹುಡುಗಿ ತನ್ನ ಇಂಗ್ಲಿಷ್ ಪ್ರಬಂಧ ತೋರಿಸಿದ್ದಳು. ಅದರಲ್ಲಿ ಕಾಡಿನ ಆನೆಯೊಂದು ಪಿಟ್-ಅ-ಪ್ಯಾಟ್ ಎಂದು ನಡೆದು ಬಂದಿತ್ತು. ಅದಕ್ಕೂ ಮುಂಚೆ ರೇಡಿಯೋದಲ್ಲಿ ಒಬ್ಬರು 'ಹೊರಗೆ ಪಿಟರ್ ಪ್ಯಾಟರ್, ಲೋಕಲ್ ಟ್ರೈನುಗಳು ನಲವತ್ತು ನಿಮಿಷ ತಡ' ಅಂದಿದ್ದರು. ಮೂರನೇ ಸಲಕ್ಕೆ ತಾಳ್ಮೆ ಮುಗಿಯಿತು.

ಪಿಟ್-ಅ-ಪ್ಯಾಟ್ ಪದದಲ್ಲಿ ಮೂರು ವಿಷಯ ಅಡಗಿವೆ. ಬಡಿತ ಹಗುರ. ಬಡಿತ ಬೇಗಬೇಗ. ಮತ್ತು ಒಂದೊಂದು ಬಡಿತವೂ ಬಿಡಿಬಿಡಿಯಾಗಿ ಕೇಳಬೇಕು. ಅದಕ್ಕೇ ಇಂಗ್ಲಿಷಿನವರು ಇದನ್ನು ಹೆಚ್ಚಾಗಿ ಮೂರಕ್ಕೆ ಬಳಸುತ್ತಾರೆ: ಅಳುಕಿದ ಎದೆ, ಪುಟ್ಟ ಕಾಲು, ಮೊದಲ ಹನಿಗಳು. ನಮ್ಮ ಹವಾಮಾನ ಇಲಾಖೆಯ ಲೆಕ್ಕದಲ್ಲಿ 24 ಗಂಟೆಗಳಲ್ಲಿ 2.5ರಿಂದ 15.5 ಮಿಲಿಮೀಟರ್ ಬಿದ್ದರೆ ಹಗುರ ಮಳೆ. 64.5 ಮುಟ್ಟಿದರೆ ಭಾರಿ ಮಳೆ. ಪಿಟ್-ಅ-ಪ್ಯಾಟ್ ಆ ಮೊದಲ ಖಾನೆಯ ಪದ. 2005ರ ಜುಲೈ 26ರಂದು ಮುಂಬೈಯ ಸಾಂತಾಕ್ರೂಜ್‌ನಲ್ಲಿ ಒಂದೇ ದಿನ 944 ಮಿಲಿಮೀಟರ್ ಬಿತ್ತಲ್ಲ, ಅವತ್ತು ಸೊಂಟದವರೆಗಿನ ನೀರಿನಲ್ಲಿ ಹಳಿ ಹಿಡಿದು ನಡೆದವರನ್ನು ಕೇಳಿ ನೋಡಿ, ಪಿಟ್ ಕೇಳಿಸಿತಾ, ಪ್ಯಾಟ್ ಕೇಳಿಸಿತಾ ಅಂತ.

ಇನ್ನು ಹುಟ್ಟಿನ ವಿಷಯ. ಗೊಂದಲ ಇರುವುದೇ ಇಲ್ಲಿ, ರುಚಿ ಇರುವುದೂ ಇಲ್ಲೇ.

ಪಿಟ್-ಅ-ಪ್ಯಾಟ್ 16ನೇ ಶತಮಾನದಿಂದ ಇಂಗ್ಲಿಷಿನಲ್ಲಿದೆ. ಅದು ಶುದ್ಧ ಸದ್ದಿನ ಪದ. ಅಂಗೈಯಿಂದ ಮೆಲ್ಲಗೆ ತಟ್ಟಿದರೆ ಬರುವ ಸದ್ದು ಪ್ಯಾಟ್. ಅದರ ಮುಂದೆ ಪಿಟ್ ಅಂತ ಒಂದು ಸಣ್ಣ ತಮ್ಮನನ್ನು ನಿಲ್ಲಿಸಿ, ನಡುವೆ ಒಂದು ಅಕ್ಷರದ ಸೇತುವೆ ಹಾಕಿದರು. ಅಲ್ಲಿಗೆ ಕತೆ ಮುಗಿಯಿತು. ಆದರೆ ಜನ ಇದನ್ನೂ ಪಿಟರ್ ಪ್ಯಾಟರ್ ಅನ್ನೂ ಒಂದೇ ಅಂದುಕೊಂಡಿದ್ದಾರೆ. ಇವತ್ತಿನ ಬಳಕೆಯಲ್ಲಿ ಅವು ಅಕ್ಕಪಕ್ಕದ ಮನೆಯವು, ಒಪ್ಪುತ್ತೇನೆ. ಹುಟ್ಟಿದ ಊರು ಬೇರೆ.

ಇಂಗ್ಲಿಷಿನಲ್ಲಿ ಪ್ಯಾಟರ್ ಅನ್ನುವ ಪದ ಎರಡಿವೆ. ಉಚ್ಚಾರ ಒಂದೇ, ಕಾಗುಣಿತ ಒಂದೇ. ಒಂದು, ಮೇಲಿನ ಪ್ಯಾಟ್‌ಗೆ ಬಾಲ ಸೇರಿಸಿದ್ದು. ಮತ್ತೆಮತ್ತೆ ತಟ್ಟುವುದು ಎಂದರ್ಥ. ಹನಿ, ಹೆಜ್ಜೆ ಎಲ್ಲಾ ಇದರ ಪಾಲಿಗೆ. ಇದು 17ನೇ ಶತಮಾನದ್ದು. ಇನ್ನೊಂದು ಇದಕ್ಕಿಂತ ಇನ್ನೂರು ವರ್ಷ ಹಳೆಯದು. ಅದಕ್ಕೂ ಸದ್ದಿಗೂ ಹುಟ್ಟಿನಲ್ಲಿ ಸಂಬಂಧವೇ ಇಲ್ಲ. ಅದು ಇಗರ್ಜಿಯಿಂದ ಬಂತು.

ಗೋವಾದವರಿಗೆ, ಮಂಗಳೂರಿನ ಕಡೆಯ ಕ್ರೈಸ್ತರಿಗೆ ಈ ಪ್ರಾರ್ಥನೆ ಬಾಯಿಪಾಠ. ಕೊಂಕಣಿಯಲ್ಲಿ 'ಆಮ್ಚ್ಯಾ ಬಾಪಾ' ಅಂತ ಶುರುವಾಗುತ್ತದೆ. ಕನ್ನಡದಲ್ಲಿ 'ಪರಲೋಕದಲ್ಲಿರುವ ನಮ್ಮ ತಂದೆಯೇ'. ಲ್ಯಾಟಿನ್‌ನಲ್ಲಿ ಅದರ ಮೊದಲ ಎರಡು ಪದ 'ಪಾತೆರ್ ನೊಸ್ತೆರ್', ನಮ್ಮ ತಂದೆ. ಹಳೇ ಇಂಗ್ಲೆಂಡಿನಲ್ಲಿ ಪ್ರಾರ್ಥನೆ ನಡೆಯುತ್ತಿದ್ದುದು ಲ್ಯಾಟಿನ್‌ನಲ್ಲೇ. ಹೇಳುವವರಿಗೆ ಮುಗಿಸುವ ಅವಸರ. ಕೇಳುವವರಿಗೆ ಅರ್ಥವಾಗುತ್ತಿರಲಿಲ್ಲ. ಕಿವಿಗೆ ಬೀಳುತ್ತಿದ್ದುದು ಬರೀ ಪಾತೆರ್ ಪಾತೆರ್. ಅದರಿಂದ ಹುಟ್ಟಿದ ಕ್ರಿಯಾಪದ ಪ್ಯಾಟರ್: ಅರ್ಥದ ಕಡೆ ಗಮನ ಕೊಡದೆ ಒಂದೇ ಉಸಿರಿಗೆ ಗೊಣಗುವುದು. ನಮ್ಮಲ್ಲಿ ಪುರೋಹಿತರು ಮಂತ್ರವನ್ನು ಮಣಮಣ ಅಂದರು ಅನ್ನುತ್ತೇವಲ್ಲ, ಸರಿಯಾಗಿ ಅದೇ. ಯಾರದೋ ಭಕ್ತಿಯ ಮಾತು ಇನ್ಯಾರದೋ ಕಿವಿಯಲ್ಲಿ ಗೇಲಿಯಾಯಿತು.

ಪಿಟರ್ ಪ್ಯಾಟರ್ 15ನೇ ಶತಮಾನದಲ್ಲಿ ಮೊದಲು ಕಾಣಿಸಿಕೊಂಡಿದ್ದು ಈ ಗೊಣಗಾಟದ ಅರ್ಥದಲ್ಲೇ. ಮಳೆಗೆ, ಹೆಜ್ಜೆಗೆ ಅದು ಅಂಟಿಕೊಂಡಿದ್ದು ಆಮೇಲೆ, ತಟ್ಟುವ ಪ್ಯಾಟರ್ ಬಂದು ಜೊತೆಗೂಡಿದಾಗ. ಎರಡು ಹೊಳೆ ಸೇರಿದ ಮೇಲೆ ನೀರು ಯಾವುದು ಯಾರದು ಅಂತ ಹೇಳುವುದು ಕಷ್ಟ. ಆದರೂ ಹಳೆಯ ಪ್ಯಾಟರ್ ಸತ್ತಿಲ್ಲ. ಜಾದೂಗಾರ ಕೈಚಳಕ ತೋರಿಸುವಾಗ ಬಾಯಲ್ಲಿ ಸುರಿಸುವ ಮಾತಿಗೆ ಪ್ಯಾಟರ್ ಅನ್ನುತ್ತಾರೆ. ವ್ಯಾಪಾರಿಯ ಮಾತಿಗೂ ಅದೇ. ಮಧ್ಯಾಹ್ನದ ಖಾಲಿ ಲೋಕಲ್‌ನಲ್ಲಿ ಕ್ಲಿಪ್ಪು, ಪೆನ್ನು, ತರಕಾರಿ ಸುಲಿಯುವ ಯಂತ್ರ ಮಾರುವವನು ಠಾಣೆಯಿಂದ ಮುಲುಂಡ್ ಬರುವಷ್ಟರಲ್ಲಿ ಉಸಿರು ತೆಗೆದುಕೊಳ್ಳದೆ ಹೇಳಿ ಮುಗಿಸುತ್ತಾನಲ್ಲ, ಪ್ಯಾಟರ್ ಅಂದರೆ ಅದು. ಅದನ್ನು ಮಳೆಹನಿಯ ಜೊತೆ ಕಲಸಬೇಡಿ.

ಇಲ್ಲಿ ಸ್ವಲ್ಪ ದಾರಿ ತಪ್ಪುತ್ತೇನೆ. ಜಪಮಾಲೆಗೂ ಇಂಗ್ಲಿಷಿನಲ್ಲಿ ಪಾಟರ್‌ನಾಸ್ಟರ್ ಅನ್ನುವ ಹೆಸರಿತ್ತು. ಯುರೋಪಿನ ಕೆಲವು ಹಳೇ ಕಟ್ಟಡಗಳಲ್ಲಿ ನಿಲ್ಲದೇ ಸುತ್ತುತ್ತಲೇ ಇರುವ ಒಂದು ತರಹದ ಲಿಫ್ಟ್ ಇದೆ. ಬಾಗಿಲಿಲ್ಲದ ಪೆಟ್ಟಿಗೆಗಳು ಒಂದರ ಹಿಂದೊಂದು ಮಣಿಗಳಂತೆ ಮೇಲೇರಿ ಕೆಳಗಿಳಿಯುತ್ತವೆ. ನೀವೇ ಹಾರಿ ಹತ್ತಬೇಕು, ಹಾರಿ ಇಳಿಯಬೇಕು. ಅದಕ್ಕೂ ಪಾಟರ್‌ನಾಸ್ಟರ್ ಎಂದೇ ಹೆಸರು. ನಮ್ಮ ಸೊಸೈಟಿಯ ಲಿಫ್ಟ್ ಮಾತ್ರ ಪ್ರಾರ್ಥನೆಗೂ ಜಗ್ಗಲ್ಲ.

ಸರಿ, ವಾಪಸ್ ಬರೋಣ. ಪಿಟ್ ಮೊದಲು, ಪ್ಯಾಟ್ ಆಮೇಲೆ. ಯಾಕೆ ಪ್ಯಾಟ್-ಅ-ಪಿಟ್ ಅಲ್ಲ? ಇಂಗ್ಲಿಷಿನ ಇಂಥ ಜೋಡಿಗಳಲ್ಲಿ ಇಕಾರ ಸಾಮಾನ್ಯವಾಗಿ ಮುಂದೆ ನಡೆಯುತ್ತದೆ. ಪಿಂಗ್ ಪಾಂಗ್, ಜಿಗ್ ಜ್ಯಾಗ್, ಚಿಟ್ ಚ್ಯಾಟ್, ಟಿಕ್ ಟಾಕ್. ಗಡಿಯಾರ ಎರಡು ಸಲವೂ ಹೆಚ್ಚುಕಡಿಮೆ ಒಂದೇ ಸದ್ದು ಮಾಡುತ್ತದೆ. ಇಂಗ್ಲಿಷಿನ ಕಿವಿಗೆ ಅದು ಟಿಕ್ ಒಮ್ಮೆ, ಟಾಕ್ ಒಮ್ಮೆ. ನಮ್ಮ ಕಿವಿಗೆ ಟಿಕ್ ಟಿಕ್. ಕನ್ನಡ ಸಾಮಾನ್ಯವಾಗಿ ಸ್ವರ ಬದಲಿಸುವುದಿಲ್ಲ, ಅದೇ ಸದ್ದನ್ನು ಇನ್ನೊಮ್ಮೆ ಹೇಳುತ್ತದೆ: ಪಟಪಟ, ಕರಕರ, ಧಗಧಗ. ಎದೆಬಡಿತದ ಮಟ್ಟಿಗೆ ಮಾತ್ರ ಇಂಗ್ಲಿಷಿನವರ ಕಿವಿಯೇ ಸರಿ ಅಂತ ಒಪ್ಪಬೇಕು. ಡಾಕ್ಟರುಗಳು ಸ್ಟೆತಸ್ಕೋಪಿನಲ್ಲಿ ಕೇಳುವುದು ಲಬ್, ಡಬ್ ಅಂತ ಎರಡು ಬೇರೆ ಸದ್ದು.

ಬಳಕೆಯಲ್ಲಿ ಎಡವುವ ಜಾಗ ಇನ್ನೊಂದಿದೆ. ಇದು ಮುಖ್ಯವಾಗಿ ಕ್ರಿಯಾವಿಶೇಷಣ. ಅದಕ್ಕೆ 'ಲಿ' ಅನ್ನುವ ಬಾಲ ಬೇಡ. ಪಿಟ್-ಅ-ಪ್ಯಾಟ್ಲಿ ಅಂತ ಬರೆದಿದ್ದನ್ನು ನಾನು ಕಣ್ಣಾರೆ ನೋಡಿದ್ದೇನೆ, ದಯವಿಟ್ಟು ಬೇಡ. ಜೊತೆಗೆ ಹೆಚ್ಚಾಗಿ ಬರುವ ಕ್ರಿಯಾಪದ 'ಗೋ'. ಎದೆ ಪಿಟ್-ಅ-ಪ್ಯಾಟ್ ಹೋಯಿತು ಅನ್ನುತ್ತಾರೆ. ಎಲ್ಲಿಗೆ ಹೋಯಿತು ಅಂತ ಕೇಳಬೇಡಿ. ಈ ಗೋ ನಮ್ಮ 'ಎನ್ನು' ಮಾಡುವ ಕೆಲಸವನ್ನೇ ಮಾಡುತ್ತದೆ. ಎದೆ ಡವಡವ ಅಂದಿತು, ಬಾಗಿಲು ಕಿರ್ ಅಂದಿತು. ಹಸು 'ಮೂ' ಅಂತ ಹೋಗುತ್ತದೆ ಎಂದು ಇಂಗ್ಲಿಷ್ ಮಕ್ಕಳಿಗೆ ಕಲಿಸುವಾಗಲೂ ಅದೇ ಗೋ. ಕನ್ನಡದವರಿಗೆ ಇದು ಹೊಸ ವಿಷಯವಲ್ಲ. ಶಾಲೆಯಲ್ಲಿ ಓದಿದ ಅನುಕರಣಾವ್ಯಯ ನೆನಪಿದೆ ಅಲ್ವಾ? 13ನೇ ಶತಮಾನದ ಕೇಶಿರಾಜ ಶಬ್ದಮಣಿದರ್ಪಣದಲ್ಲೇ ಇವುಗಳಿಗೆ ಅವ್ಯಯಗಳ ಸಾಲಿನಲ್ಲಿ ಜಾಗ ಕೊಟ್ಟಿದ್ದಾನೆ. ಇಂಗ್ಲಿಷ್ ನಿಘಂಟುಗಳಲ್ಲಿ ಮಕ್ಕಳ ಮಾತಿನಂತೆ ಮೂಲೆಯಲ್ಲಿ ಕೂತಿರುವ ಪದಗಳು ನಮ್ಮಲ್ಲಿ ವ್ಯಾಕರಣದ ಪಂಕ್ತಿಯಲ್ಲೇ ಊಟಕ್ಕೆ ಕೂತಿವೆ.

ಹಾಗಾದರೆ ಕನ್ನಡದಲ್ಲಿ ಏನನ್ನಬೇಕು? ಎಲ್ಲರೂ ಥಟ್ ಅಂತ 'ಜಿಟಿಜಿಟಿ' ಅನ್ನುತ್ತಾರೆ. ನಾನು ಒಪ್ಪಲ್ಲ. ಜಿಟಿಜಿಟಿ ಮಳೆಗೆ ಸದ್ದು ಕಡಿಮೆ, ಒದ್ದೆ ಜಾಸ್ತಿ. ಅದು ಬೇಸರದ ಪದ. ಬಟ್ಟೆ ಒಣಗಲ್ಲ, ಹಪ್ಪಳ ಮೆತ್ತಗಾಗುತ್ತದೆ, ಗೋಡೆ ಬೂಸಲು ಹಿಡಿಯುತ್ತದೆ. ಮರಾಠಿಯವರ 'ರಿಪ್‌ರಿಪ್' ಅದರ ಸರಿಯಾದ ಜೋಡಿ. ಪಿಟ್-ಅ-ಪ್ಯಾಟ್‌ಗೆ ಬೇಸರ ಗೊತ್ತಿಲ್ಲ. ಒಣಗಿದ ಹಂಚಿನ ಮೇಲೆ, ಬಾಳೆ ಎಲೆಯ ಮೇಲೆ ಮೊದಲ ಹನಿಗಳು ಟಪ್ ಟಪ್ ಬೀಳುತ್ತವಲ್ಲ, ಅದು. ಟಪಟಪ ಅನ್ನಿ, ಸಾಕು. ಎದೆಯ ವಿಷಯದಲ್ಲಿ 'ಡವಡವ' ಕೂಡ ನನಗೆ ಭಾರ ಅನಿಸುತ್ತದೆ. ಮೆಟ್ಟಿಲು ಹತ್ತಿ ಬಂದಾಗ ಡವಡವ ಸರಿ. ಪರೀಕ್ಷೆಯ ಫಲಿತಾಂಶ ತೆರೆಯುವ ಮೊದಲು ಆಗುವುದು ಪುಕಪುಕ. ನಿಘಂಟು ಒಪ್ಪದಿದ್ದರೂ ಪಿಟ್-ಅ-ಪ್ಯಾಟ್‌ಗೆ ಅದಕ್ಕಿಂತ ಹತ್ತಿರದ ಪದ ನನಗೆ ಸಿಕ್ಕಿಲ್ಲ. ಮಗುವಿನ ಕಾಲಿಗಂತೂ ಪುಟುಪುಟು ಇದ್ದೇ ಇದೆ. ಇನ್ನು ಆ ಹುಡುಗಿಯ ಆನೆ. ಅಷ್ಟು ದೊಡ್ಡ ಪ್ರಾಣಿ ಆದರೂ ಅಂಗಾಲು ಮೆತ್ತಗೆ, ನಡೆದರೆ ಸದ್ದೇ ಬರಲ್ಲ. ಪಿಟ್-ಅ-ಪ್ಯಾಟ್ ತಪ್ಪು, ಧಡಧಡವೂ ತಪ್ಪು. ಇಷ್ಟು ಹೇಳಿದ್ದಕ್ಕೆ ಅವಳು ಆನೆಯನ್ನು ತೆಗೆದು ಮೊಲ ಹಾಕಿದಳು.

ಮುಂಬೈಯಲ್ಲಿರುವ ನಮಗೆ ಇನ್ನೊಂದು ಅಪಾಯ ಇದೆ. ಪಟಪಟ ಅನ್ನುವುದು ಕನ್ನಡದಲ್ಲೂ ಇದೆ, ಮರಾಠಿಯಲ್ಲೂ ಇದೆ. ಮರಾಠಿಯಲ್ಲಿ ಅದಕ್ಕೆ ಸದ್ದು ಸವೆದುಹೋಗಿ ಬರೀ 'ಬೇಗಬೇಗ' ಉಳಿದಿದೆ. 'ಪಟಪಟ ಚಲ್' ಅಂದರೆ ಬೇಗ ನಡಿ. ಊರಿನ ಕನ್ನಡದಲ್ಲಿ ಬಾವುಟ ಪಟಪಟ ಹಾರುತ್ತದೆ, ಹುಡುಗಿ ಪಟಪಟ ಮಾತಾಡುತ್ತಾಳೆ. ಇಲ್ಲಿ ಬೆಳೆದ ನಮ್ಮ ಮಕ್ಕಳು 'ಪಟಪಟ ಸ್ನಾನ ಮಾಡಿ ಬಂದೆ' ಅನ್ನುತ್ತಾರೆ. ತಪ್ಪು ಅಂತ ಬೈಯಲು ನನಗೆ ಮನಸ್ಸಿಲ್ಲ. ಇಂಥ ಪದಗಳು ಗಡಿ ನೋಡದೆ ಓಡಾಡಿವೆ. ದ್ರಾವಿಡ ಭಾಷೆಗಳೂ ಇಂಡೋ-ಆರ್ಯನ್ ಭಾಷೆಗಳೂ ಅನುಕರಣ ಪದಗಳನ್ನು ಹಂಚಿಕೊಂಡಿವೆ ಎಂದು ಭಾಷಾವಿಜ್ಞಾನಿ ಎಂ. ಬಿ. ಎಮೆನೋ 1969ರಲ್ಲೇ ಬರೆದಿದ್ದಾರೆ. ಪಂಪ್ ರೂಮ್ ಮುಳುಗಿಸುವ ಮಳೆಗೂ ಎರಡು ಭಾಷೆಯಲ್ಲಿ ಒಂದೇ ಪದ: ನಮಗೆ 'ಧೋ' ಅಂತ ಸುರಿಯುತ್ತದೆ, ಅವರಿಗೆ 'ಧೋ ಧೋ'. ನಮ್ಮ ಸೆಕ್ರೆಟರಿ ಮನೆಯಲ್ಲಿ ಮರಾಠಿ ಮಾತಾಡುವವರು. ಧೋ ಧೋ ಕೈಯಲ್ಲೇ ಇಟ್ಟುಕೊಂಡು ಪಿಟ್-ಅ-ಪ್ಯಾಟ್ ಹುಡುಕಿಕೊಂಡು ಹೋಗಿದ್ದು ನನಗೆ ಇವತ್ತಿಗೂ ಅರ್ಥವಾಗಿಲ್ಲ.

ಇನ್ನೊಂದು ತಪ್ಪು ತಿಳಿವಳಿಕೆ, ಪಿಟ್-ಅ-ಪ್ಯಾಟ್ ಪ್ರೇಮಿಗಳ ಪದ ಅಂತ. ಅಲ್ಲ. ಭಯಕ್ಕೂ ಅದು ಅಷ್ಟೇ ಸಲ್ಲುತ್ತದೆ. ಕುವೆಂಪು ಅವರ ಕಿಂದರಿಜೋಗಿಗೆ ಮೂಲವಾದ, ಇಂಗ್ಲಿಷ್ ಕವಿ ಬ್ರೌನಿಂಗ್‌ನ 1842ರ ಪದ್ಯದಲ್ಲಿ, ಇಲಿಯ ಸದ್ದಿನಂಥದ್ದು ಏನು ಕೇಳಿದರೂ ನನ್ನೆದೆ ಪಿಟ್-ಅ-ಪ್ಯಾಟ್ ಅನ್ನುತ್ತದೆ ಎಂದು ನಗರದ ಮೇಯರ್ ಹೇಳುತ್ತಾನೆ.

ಇಲಿ ಅಂದಾಗ ನೆನಪಾಯಿತು. 'ಪುಟ್ಟ ಪಾದಗಳ ಪಿಟರ್ ಪ್ಯಾಟರ್' ಅನ್ನುವುದು ಇಂಗ್ಲಿಷಿನಲ್ಲಿ ಗಟ್ಟಿಯಾಗಿಬಿಟ್ಟ ನುಡಿಗಟ್ಟು. ಮನೆಯಲ್ಲಿ ಮಗು ಬರಲಿದೆ ಎಂದು ಅದರರ್ಥ. ನಾನು ಕೆಲಸ ಮಾಡುತ್ತಿದ್ದ ಕಡೆ, ಐವತ್ತು ದಾಟಿದ ಸಹೋದ್ಯೋಗಿಯೊಬ್ಬರು ಬೆಳಿಗ್ಗೆ ಕಣ್ಣುಜ್ಜುತ್ತಾ ಬಂದು, ವಾರದಿಂದ ಮನೆಯಲ್ಲಿ ಪುಟ್ಟ ಪಾದಗಳ ಪಿಟರ್ ಪ್ಯಾಟರ್, ನಿದ್ದೆಯೇ ಇಲ್ಲ ಅಂದರು. ಸದ್ದು ಹಗುರ, ಬೇಗಬೇಗ, ಬಿಡಿಬಿಡಿ. ಪದ ಅಕ್ಷರಶಃ ಸರಿಯಾಗಿತ್ತು. ಊಟದ ಹೊತ್ತಿಗೆ ಎಲ್ಲರೂ ಕೈಕುಲುಕಲು ಬಂದರು. ಇಲ್ಲಿನ ರೂಢಿಯಂತೆ ಗಂಡಾದರೆ ಪೇಢಾ, ಹೆಣ್ಣಾದರೆ ಬರ್ಫಿ. ಏನು ತರ್ತೀರಿ ಸಾರ್, ಪೇಢಾನೋ ಬರ್ಫಿಯೋ ಅಂತ ಒಬ್ಬ ಕೇಳಿಯೇ ಬಿಟ್ಟ. ಅವರು ಅವನ ಮುಖ ನೋಡಿದರು. ಫಾಲ್ಸ್ ಸೀಲಿಂಗ್ ಒಳಗೆ ಸೇರಿಕೊಂಡಿವೆ ಕಣಯ್ಯಾ, ನಿಮ್ಮನೇಲಿ ಬೋನು ಇದ್ದರೆ ಕೊಡು ಅಂದರು.