ಒಂದೇ ಯುದ್ಧ, ಮೂರು ಚಿತ್ರಕಥೆ

ನೆದರ್‌ಲ್ಯಾಂಡ್ಸ್ ನಾಜಿಗಳ ಹಿಡಿತದಲ್ಲಿದ್ದದ್ದು 1940ರಿಂದ 1945ರವರೆಗೆ, ಐದು ವರ್ಷ. ಆ ಐದು ವರ್ಷ ಗೆರಾರ್ಡ್ ಸೂಟೆಮನ್ ಎಂಬ ಚಿತ್ರಕಥೆಗಾರನನ್ನು ಸುಮಾರು ಮೂವತ್ತು ವರ್ಷ ಬಿಡಲಿಲ್ಲ. ನಿರ್ದೇಶಕ ಪಾಲ್ ವರ್ಹೂವನ್ ಹೆಸರು ಬಲ್ಲವರಲ್ಲೂ ಇವರನ್ನು ಬಲ್ಲವರು ಕಡಿಮೆ. ಅದು ನನಗೆ ಬೇಸರದ ಸಂಗತಿ.

1936ರಲ್ಲಿ ಹುಟ್ಟಿದ ಸೂಟೆಮನ್, ವರ್ಹೂವನ್ ಜೊತೆಯಾದದ್ದು ಟಿವಿಯಲ್ಲಿ. 1969ರ 'ಫ್ಲೋರಿಸ್' ಹನ್ನೆರಡು ಕಂತುಗಳ ಕತ್ತಿವರಸೆಯ ಧಾರಾವಾಹಿ. ನಾಯಕ ರುಟ್ಗರ್ ಹಾವರ್. ಅವನ ಜೊತೆಗಾರ ಸಿಂದಾಲ ಭಾರತದ ಫಕೀರ. ಆ ವೇಷ ಹಾಕಿದ್ದು ಮಾತ್ರ ಡಚ್ ನಟನೇ. 1973ರಲ್ಲಿ ಇದೇ ಮೂವರ 'ಟರ್ಕ್ಸ್ ಫ್ರೌಟ್' ಚಿತ್ರ ಆಸ್ಕರ್ ನಾಮನಿರ್ದೇಶನದವರೆಗೂ ಹೋಯಿತು.

ಯುದ್ಧದ ಕಥೆ ಶುರುವಾದದ್ದು 1977ರ 'ಸೋಲ್ಡಾಟ್ ಫಾನ್ ಒರಾನ್ಯೆ'ಯಿಂದ. ಪ್ರತಿರೋಧ ಹೋರಾಟಗಾರನೊಬ್ಬನ ಆತ್ಮಕಥೆ ಆಧರಿಸಿದ್ದು, ಮೇಲ್ನೋಟಕ್ಕೆ ವೀರಗಾಥೆ. ಆದರೆ ನಾಯಕನ ಕಾಲೇಜು ಗೆಳೆಯ ಅಲೆಕ್ಸ್, ತಾಯಿ ಜರ್ಮನ್ನಳು, ನಾಜಿಗಳ ಸಶಸ್ತ್ರ ಪಡೆ ಎಸ್‌ಎಸ್ ಸೇರಿಬಿಡುತ್ತಾನೆ. ಗುಟ್ಟಾಗಿ ದೇಶಕ್ಕೆ ಮರಳಿದ ನಾಯಕನೂ ಸಮವಸ್ತ್ರದ ಅಲೆಕ್ಸನೂ ಪಾರ್ಟಿಯೊಂದರಲ್ಲಿ ಎದುರಾದಾಗ ಇಬ್ಬರೂ ಸೇರಿ ಟ್ಯಾಂಗೊ ಕುಣಿಯುತ್ತಾರೆ. ಶತ್ರುಗಳು ನಿಜ, ಗೆಳೆತನವೂ ಪೂರ್ತಿ ಸತ್ತಿಲ್ಲ. ಸೂಟೆಮನ್ ಮುಂದೆ ಬರೆದ ಯುದ್ಧವೆಲ್ಲ ಆ ಕುಣಿತದಲ್ಲೇ ಇದೆ ಅನ್ನಿಸುತ್ತದೆ.

ವರ್ಹೂವನ್ ಹಾಲಿವುಡ್‌ಗೆ ಹೋದರು. ಸೂಟೆಮನ್ ಹ್ಯಾರಿ ಮುಲಿಷ್ ಅವರ ಕಾದಂಬರಿಯನ್ನು ನಿರ್ದೇಶಕ ಫಾನ್ಸ್ ರಾಡೆಮಾಕರ್ಸ್‌ಗೆ ಚಿತ್ರಕಥೆ ಮಾಡಿಕೊಟ್ಟರು: 1986ರ 'ಡೆ ಆನ್‌ಸ್ಲಾಖ್'. 1945ರ ಜನವರಿ, ಹಾರ್ಲೆಮ್ ಊರು. ನಾಜಿಗಳ ಪರವಿದ್ದ ಪೊಲೀಸನೊಬ್ಬ ಬೀದಿಯಲ್ಲಿ ಗುಂಡೇಟಿಗೆ ಸಾಯುತ್ತಾನೆ. ನೆರೆಮನೆಯವರು ಆ ಹೆಣ ಎಳೆತಂದು ಹುಡುಗ ಆಂಟನ್‌ನ ಮನೆಮುಂದೆ ಹಾಕುತ್ತಾರೆ. ಜರ್ಮನ್ನರು ಮನೆ ಸುಡುತ್ತಾರೆ, ಉಳಿಯುವವನು ಹುಡುಗನೊಬ್ಬನೇ. ನೆರೆಯವರು ಹಾಗೇಕೆ ಮಾಡಿದರು ಎಂಬುದು ಅವನಿಗೆ ತಿಳಿಯುವುದು ತುಣುಕು ತುಣುಕಾಗಿ, ಅರ್ಧ ಆಯುಷ್ಯ ಕಳೆದಮೇಲೆ. ಅತ್ಯುತ್ತಮ ವಿದೇಶಿ ಚಿತ್ರದ ಆಸ್ಕರ್ ನೆದರ್‌ಲ್ಯಾಂಡ್ಸ್‌ಗೆ ಮೊದಲ ಬಾರಿ ಒಲಿದದ್ದು ಇದರಿಂದ.

1977ರ ಚಿತ್ರಕ್ಕಾಗಿ ಕಲೆಹಾಕಿದ್ದ ಮಾಹಿತಿಯಲ್ಲಿ ಎಷ್ಟೋ ಮಿಕ್ಕಿತ್ತು. ವೀರಗಾಥೆಗೆ ಒಗ್ಗದ ಕಪ್ಪು ಸಂಗತಿಗಳವು. ಅದನ್ನಿಟ್ಟುಕೊಂಡು ಸೂಟೆಮನ್, ವರ್ಹೂವನ್ ಇಬ್ಬರೂ ಸುಮಾರು ಇಪ್ಪತ್ತು ವರ್ಷ ತಿಣುಕಿದರು. ಕಥೆ ಕೂಡಿಬರಲಿಲ್ಲ. ಕೊನೆಗೆ ನಾಯಕನ ಜಾಗಕ್ಕೆ ನಾಯಕಿಯನ್ನು ತಂದರು, ಗಂಟು ಬಿಚ್ಚಿಕೊಂಡಿತು: ಜರ್ಮನ್ ಅಧಿಕಾರಿಗೆ ಹತ್ತಿರವಾಗಿ ಗುಟ್ಟು ತೆಗೆಯುವ ಯಹೂದಿ ಹೆಣ್ಣು. 2006ರ 'ಜ್ವಾರ್ಟ್‌ಬುಕ್' ಹುಟ್ಟಿದ್ದು ಹಾಗೆ. ಅದರಲ್ಲಿ ನೋಡಲಾಗದ ದೃಶ್ಯ ಬರುವುದು ಜರ್ಮನ್ನರು ಸೋತಮೇಲೆ. ಬಿಡುಗಡೆಯ ಸಂಭ್ರಮದಲ್ಲಿರುವ ಡಚ್ಚರೇ ಆಕೆಯನ್ನು ದ್ರೋಹಿ ಎಂದು ಹಿಡಿದು, ಮೈಮೇಲೆ ಮಲ ಸುರಿಯುತ್ತಾರೆ. ಎರಡು ವರ್ಷದ ನಂತರ ಡಚ್ ಪ್ರೇಕ್ಷಕರು ಇದನ್ನೇ ತಮ್ಮ ನಾಡಿನ ಸರ್ವಶ್ರೇಷ್ಠ ಚಿತ್ರವೆಂದು ಮತ ಹಾಕಿ ಆರಿಸಿದರು.